ಕಾಲುವೆಯ ಲೆಕ್ಕಕ್ಕೆ ಎಷ್ಟು ಕೋರ್ ಬೇಕು?

ಪ್ರಶ್ನೆ: ನಾನು ಕಂಪ್ಯೂಟರ್ ಸೈನ್ಸ್ ಎಂಜಿನಿಯರಿಂಗ್‌ನ ಮೂರನೇ ವರ್ಷದ ವಿದ್ಯಾರ್ಥಿನಿ. ನಮ್ಮ ಊರು ಮಾನ್ವಿ ತಾಲ್ಲೂಕಿನಲ್ಲಿದೆ. ಹೊಲ ತುಂಗಭದ್ರಾ ಎಡದಂಡೆ ಕಾಲುವೆಯ ಕೊನೆ ಭಾಗಕ್ಕೆ ಬರುತ್ತದೆ. ಡ್ಯಾಮಿನಲ್ಲಿ ನೀರು ಬಿಟ್ಟರೂ ನಮಗೆ ಯಾವಾಗ, ಎಷ್ಟು ತಲುಪುತ್ತದೆ ಎಂಬುದನ್ನು ಕಂಪ್ಯೂಟರಿನಲ್ಲಿ ಸಿಮ್ಯುಲೇಟ್ ಮಾಡುವ ಪ್ರಾಜೆಕ್ಟ್ ಆರಿಸಿಕೊಂಡಿದ್ದೇನೆ. ಪ್ಯಾರಲಲ್ ಕಂಪ್ಯೂಟಿಂಗ್ (ಒಂದು ಲೆಕ್ಕವನ್ನು ಹಲವು ಕೋರ್, ಅಂದರೆ ಲೆಕ್ಕದ ಘಟಕಗಳಿಗೆ ಹಂಚಿ ಏಕಕಾಲಕ್ಕೆ ಮಾಡುವುದು) ಬಳಸಲೇಬೇಕು, ಆಗುವುದಾದರೆ ಜಿಪಿಯು (ಸಾವಿರಾರು ಸಣ್ಣ ಕೋರ್ ಇರುವ ಗ್ರಾಫಿಕ್ಸ್ ಚಿಪ್) ಬೇಕು ಎಂದು ಗೈಡ್ ಹೇಳುತ್ತಾರೆ. ಗ್ರಂಥಾಲಯದಲ್ಲಿ ವಿ. ರಾಜಾರಾಮನ್ ಅವರ ಮೂರು ಪುಸ್ತಕಗಳು ಸಿಕ್ಕಿವೆ: ‘ಅನಲಾಗ್ ಕಂಪ್ಯುಟೇಷನ್ ಅಂಡ್ ಸಿಮ್ಯುಲೇಷನ್’, ‘ಎಲಿಮೆಂಟ್ಸ್ ಆಫ್ ಪ್ಯಾರಲಲ್ ಕಂಪ್ಯೂಟಿಂಗ್’, ‘ಪ್ಯಾರಲಲ್ ಕಂಪ್ಯೂಟರ್ಸ್’. ಇವು ಹಳೆಯವು, ಯೂಟ್ಯೂಬ್ ನೋಡಿದರೆ ಸಾಕು ಎಂದು ಗೆಳತಿಯರು ಹೇಳುತ್ತಾರೆ. ಓದಬೇಕೇ, ಬಿಡಬೇಕೇ? ಓದುವುದಾದರೆ ಯಾವುದು ಮೊದಲು?

ಉತ್ತರ: ಓದಿ. ಮೂರರಲ್ಲಿ ಅತ್ಯಂತ ಹಳೆಯದರಿಂದಲೇ ಶುರುಮಾಡಿ. ಆದರೆ ಯಾವುದನ್ನೂ ಮೊದಲ ಪುಟದಿಂದ ಕೊನೆಯ ಪುಟದವರೆಗೆ ಓದಬೇಡಿ. ಜಿಪಿಯು ವಿಷಯವನ್ನು ಸದ್ಯಕ್ಕೆ ಬದಿಗಿಡಿ. ನಿಮ್ಮ ಕಾಲುವೆಗೆ ಅದು ಬೇಕೇ ಬೇಡವೇ ಎಂಬುದನ್ನು ಒಂದು ಹಾಳೆಯ ಮೇಲೆ ಲೆಕ್ಕ ಹಾಕಿ ತಿಳಿಯಬಹುದು. ಆ ಲೆಕ್ಕವನ್ನು ಕೆಳಗೆ ಮಾಡಿ ತೋರಿಸುತ್ತೇನೆ.

ಮೊದಲು ಲೇಖಕರ ಬಗ್ಗೆ ಎರಡು ಮಾತು. ನಮ್ಮ ದೇಶದಲ್ಲಿ ಕಂಪ್ಯೂಟರ್ ಶಿಕ್ಷಣಕ್ಕೆ ಅಡಿಪಾಯ ಹಾಕಿದವರಲ್ಲಿ ರಾಜಾರಾಮನ್ ಒಬ್ಬರು. 1960ರ ದಶಕದಲ್ಲಿ ಐಐಟಿ ಕಾನ್ಪುರದಲ್ಲಿ ಕಂಪ್ಯೂಟರ್ ಪಾಠ ಆರಂಭಿಸಿದರು. 1982ರಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಗೆ ಬಂದು ಅಲ್ಲಿನ ಸೂಪರ್‌ಕಂಪ್ಯೂಟರ್ ಕೇಂದ್ರವನ್ನು ಮುನ್ನಡೆಸಿದರು. ಎಂಸಿಎ ಎಂಬ ಕೋರ್ಸ್ ಹುಟ್ಟಿದ್ದು ಅವರ ಅಧ್ಯಕ್ಷತೆಯ ಸಮಿತಿಯ ಶಿಫಾರಸಿನಿಂದ. ಅವರ ಇಂಗ್ಲಿಷ್‌ನಲ್ಲಿ ಆಡಂಬರವಿಲ್ಲ. ಕನ್ನಡ ಮಾಧ್ಯಮದಲ್ಲಿ ಓದಿ ಬಂದವರಿಗೂ ನಿಘಂಟಿನ ಹಂಗು ಅಷ್ಟಾಗಿ ಬೇಕಾಗುವುದಿಲ್ಲ. ಬಳ್ಳಾರಿ, ರಾಯಚೂರು ಕಡೆಯ ವಿದ್ಯಾರ್ಥಿಗಳಿಗೆ ಅವರ ಪುಸ್ತಕಗಳನ್ನು ನಾನು ಸೂಚಿಸಲು ಅರ್ಧ ಕಾರಣ ಇದೇ.

ಮೂರರಲ್ಲಿ ಹಳೆಯದಾದ ‘ಅನಲಾಗ್ ಕಂಪ್ಯುಟೇಷನ್ ಅಂಡ್ ಸಿಮ್ಯುಲೇಷನ್’ ತೆರೆದ ಕೂಡಲೇ ಆಪರೇಷನಲ್ ಆಂಪ್ಲಿಫೈಯರ್, ಕೆಪಾಸಿಟರ್, ಪೊಟೆನ್ಷಿಯೊಮೀಟರ್ ಕಂಡು ನೀವು ಗಾಬರಿಯಾಗಬಹುದು. ಅಂಥ ಯಂತ್ರ ಇಂದು ಯಾವ ಕಾಲೇಜಿನಲ್ಲೂ ಬಳಕೆಯಲ್ಲಿಲ್ಲ. ಸರ್ಕ್ಯೂಟಿನ ಪುಟಗಳನ್ನು ದಾಟಿ ಹೋಗಿ. ನಿಮಗೆ ಬೇಕಾದ ಸಂಗತಿಗಳು ಅದರಲ್ಲಿ ಎರಡೇ ಇವೆ.

ಮೊದಲನೆಯದು, ಸಮೀಕರಣವನ್ನು ಚಿತ್ರವಾಗಿ ಬಿಡಿಸುವುದು. ವೋಲ್ಟೇಜಿನ ಏರಿಳಿತದಿಂದಲೇ ಲೆಕ್ಕ ಮಾಡುವ ಅನಲಾಗ್ ಕಂಪ್ಯೂಟರಿನಲ್ಲಿ ಬದಲಾಗುವ ಪ್ರತಿಯೊಂದು ಪ್ರಮಾಣಕ್ಕೂ ಒಂದೊಂದು ಇಂಟಿಗ್ರೇಟರ್ (ಬದಲಾವಣೆಯನ್ನು ಕೂಡಿಸುತ್ತ ಹೋಗುವ ಘಟಕ) ಇರುತ್ತದೆ. ಒಂದರ ಉತ್ತರ ಇನ್ನೊಂದರ ಪ್ರಶ್ನೆಯಾಗಿ ತಂತಿಯಲ್ಲಿ ಹರಿಯುತ್ತದೆ, ಎಲ್ಲವೂ ಏಕಕಾಲಕ್ಕೆ ಕೆಲಸ ಮಾಡುತ್ತವೆ. ಅಂದರೆ ಆ ಯಂತ್ರ ಹುಟ್ಟಿನಿಂದಲೇ ಸಮಾಂತರ (ಪ್ಯಾರಲಲ್) ಯಂತ್ರ. ಅದಕ್ಕೆ ಲೆಕ್ಕ ಕೊಡಬೇಕಾದರೆ ಯಾವುದು ಯಾವುದನ್ನು ಅವಲಂಬಿಸಿದೆ ಎಂದು ಮೊದಲೇ ಗೆರೆ ಎಳೆದು ತೋರಿಸಬೇಕಿತ್ತು. ನೀವೂ ಹಾಗೆ ಮಾಡಿ: ಜಲಾಶಯ, ಮುಖ್ಯ ತೂಬು, ಕಾಲುವೆಯ ಮೊದಲ ಭಾಗ, ಅದರಿಂದ ಒಡೆಯುವ ವಿತರಣಾ ಕಾಲುವೆ, ಮುಂದಿನ ಭಾಗ, ಹೀಗೆ ನಿಮ್ಮ ಹೊಲದವರೆಗೆ. ಪ್ರತಿ ಬಾಣದ ಮೇಲೆ ಏನು ಹರಿಯುತ್ತದೆ ಎಂದು ಬರೆಯಿರಿ. ಕಾಲುವೆಯಲ್ಲಿ ಬಾಣ ಎರಡೂ ದಿಕ್ಕಿಗೆ ಇರುತ್ತದೆ ಎಂಬುದು ಚಿತ್ರ ಬಿಡಿಸುವಾಗಲೇ ಹೊಳೆಯುತ್ತದೆ. ಕೆಳಗಿನ ಗೇಟ್ ಇಳಿಸಿದರೆ ನೀರು ಹಿಂದಕ್ಕೆ ಒತ್ತಿ ಮೇಲ್ಭಾಗದ ಮಟ್ಟವನ್ನೂ ಏರಿಸುತ್ತದಲ್ಲವೇ?

ಎರಡನೆಯದು, ಅಳತೆ ಹೊಂದಿಸುವುದು. ಆಂಪ್ಲಿಫೈಯರ್ ತಡೆದುಕೊಳ್ಳುವ ವೋಲ್ಟೇಜಿಗೆ ಮಿತಿ ಇದ್ದುದರಿಂದ, ಪ್ರತಿ ಪ್ರಮಾಣ ಹೆಚ್ಚೆಂದರೆ ಎಷ್ಟಾಗಬಹುದು, ಎಷ್ಟು ಬೇಗ ಬದಲಾಗಬಹುದು ಎಂದು ಯಂತ್ರ ಚಾಲೂ ಮಾಡುವ ಮೊದಲೇ ಅಂದಾಜಿಸಬೇಕಿತ್ತು. ಈಗಿನ ಕಂಪ್ಯೂಟರುಗಳು ಯಾವ ಸಂಖ್ಯೆಯನ್ನಾದರೂ ನುಂಗುತ್ತವೆ. ಹಾಗಾಗಿ ಈ ಶಿಸ್ತು ಮಾಯವಾಗಿದೆ. ಕಾಲುವೆಯಲ್ಲಿ ನೀರಿನ ಆಳ ನಲವತ್ತು ಮೀಟರ್ ಎಂದು ಪ್ರೋಗ್ರಾಂ ಉತ್ತರ ಕೊಟ್ಟರೂ ಅದನ್ನು ಗ್ರಾಫ್ ಮಾಡಿ ವರದಿಗೆ ಅಂಟಿಸುವವರನ್ನು ಪ್ರತಿ ವರ್ಷ ಮೌಖಿಕ ಪರೀಕ್ಷೆಯಲ್ಲಿ ನೋಡುತ್ತೇನೆ.

ಈಗ ನಿಮ್ಮ ಲೆಕ್ಕಕ್ಕೆ ಬರೋಣ. ತೆರೆದ ಕಾಲುವೆಯ ಹರಿವಿಗೆ 1871ರಿಂದಲೂ ಚಾಲ್ತಿಯಲ್ಲಿರುವುದು ಫ್ರಾನ್ಸಿನ ಸೇಂಟ್ ವೆನಾಂಟ್ ಅವರ ಸಮೀಕರಣಗಳು: ಒಂದು ನೀರಿನ ಪ್ರಮಾಣದ್ದು, ಇನ್ನೊಂದು ಅದರ ಓಟದ್ದು. ಎಡದಂಡೆ ಕಾಲುವೆಯ ಉದ್ದ ಸುಮಾರು 227 ಕಿಲೋಮೀಟರ್. ಲೆಕ್ಕಕ್ಕಾಗಿ ಕಾಲುವೆಯನ್ನು ತುಂಡು ಮಾಡಿ, ನೂರು ಮೀಟರಿಗೆ ಒಂದು ಕೋಶ ಎಂದಿಟ್ಟುಕೊಂಡರೆ 2,270 ಕೋಶಗಳು. ಆಳ ಮೂರು ಮೀಟರ್ ಇದ್ದಾಗ ಮೇಲ್ಮೈ ಅಲೆಯ ವೇಗ ಸೆಕೆಂಡಿಗೆ ಸುಮಾರು ಐದೂವರೆ ಮೀಟರ್. ಹರಿವಿನ ವೇಗ ಒಂದು ಮೀಟರ್ ಸೇರಿಸಿದರೆ ಆರೂವರೆ. ಪ್ರೋಗ್ರಾಂ ಕಾಲವನ್ನು ಹೆಜ್ಜೆ ಹೆಜ್ಜೆಯಾಗಿ ಮುಂದಕ್ಕೆ ಒಯ್ಯುತ್ತದೆ, ಒಂದು ಹೆಜ್ಜೆಯ ಕಾಲಾವಧಿಯಲ್ಲಿ ಅಲೆ ಒಂದು ಕೋಶಕ್ಕಿಂತ ಮುಂದೆ ಓಡಬಾರದು. 1928ರಲ್ಲಿ ಕೂರಾಂಟ್, ಫ್ರೆಡ್ರಿಕ್ಸ್, ಲೂಯಿ ಎಂಬ ಮೂವರು ತೋರಿಸಿಕೊಟ್ಟ ಕಟ್ಟಳೆ ಇದು. ಮೀರಿದರೆ ಉತ್ತರ ಸಿಡಿದು ಹೋಗುತ್ತದೆ. ನಲವತ್ತು ಮೀಟರ್ ಆಳ ಹುಟ್ಟುವುದು ಸಾಮಾನ್ಯವಾಗಿ ಹೀಗೆಯೇ. ಆದ್ದರಿಂದ ಹೆಜ್ಜೆ ಸುಮಾರು 15 ಸೆಕೆಂಡ್. ಒಂದು ದಿನಕ್ಕೆ 5,760 ಹೆಜ್ಜೆ, 2,270 ಕೋಶ: ಒಟ್ಟು ಸುಮಾರು 1.3 ಕೋಟಿ ಸಲ ಒಂದು ಕೋಶದ ಲೆಕ್ಕ.

ಒಂದು ಕೋಶಕ್ಕೆ ನೂರು ಕೂಡು, ಕಳೆ, ಗುಣಿಸು ಎಂದುಕೊಂಡರೂ ಒಟ್ಟು 130 ಕೋಟಿ ಕ್ರಿಯೆ. ಸಿ ಭಾಷೆಯಲ್ಲಿ ಬರೆದ ಪ್ರೋಗ್ರಾಂ ಸೆಕೆಂಡಿಗೆ ನೂರು ಕೋಟಿ ಕ್ರಿಯೆ ಮಾಡುತ್ತದೆ ಎಂದು ಕೈ ಬಿಗಿಹಿಡಿದು ಅಂದಾಜಿಸಿದರೂ ಒಂದೂಕಾಲು ಸೆಕೆಂಡಿನಲ್ಲಿ ಕಾಲುವೆಯ ಒಂದು ದಿನ ಮುಗಿಯಿತು. ಸೆಕೆಂಡಿಗೆ ಒಂದು ಮೀಟರಿನಂತೆ ನೀರು 227 ಕಿಲೋಮೀಟರ್ ಸಾಗಲು 63 ಗಂಟೆ ಬೇಕು. ಆದ್ದರಿಂದ ನೀವು ಕನಿಷ್ಠ ಹತ್ತು ದಿನದ ಸಿಮ್ಯುಲೇಷನ್ ಮಾಡಬೇಕು. ಅದಕ್ಕೆ ಹದಿಮೂರು ಸೆಕೆಂಡ್. ಒಂದೇ ಕೋರ್, ಮನೆಯ ಲ್ಯಾಪ್‌ಟಾಪ್. ಪೈಥಾನ್‌ನಲ್ಲಿ ಲೂಪ್ ಹಾಕಿ ಬರೆದರೆ ಅದೇ ಕೆಲಸ ಹತ್ತಿಪ್ಪತ್ತು ನಿಮಿಷ ಹಿಡಿಯಬಹುದು. ಅದು ಭಾಷೆಯ ಭಾರ, ಕಾಲುವೆಯದಲ್ಲ.

ಇಷ್ಟಾದರೂ ಸಮಾಂತರ ಮಾಡಿಯೇ ತೀರುತ್ತೇನೆ ಎಂದರೆ ಏನಾಗುತ್ತದೆ ನೋಡಿ. ಒಂದು ಹೆಜ್ಜೆಗೆ ಇಡೀ ಕಾಲುವೆಯ ಲೆಕ್ಕ 227 ಮೈಕ್ರೊಸೆಕೆಂಡ್. ಕಾಲುವೆಯನ್ನು ನಾಲ್ಕು ತುಂಡು ಮಾಡಿ ಲ್ಯಾಬಿನ ನಾಲ್ಕು ಕಂಪ್ಯೂಟರುಗಳಿಗೆ ಹಂಚಿದರೆ ಒಂದೊಂದಕ್ಕೆ 57 ಮೈಕ್ರೊಸೆಕೆಂಡಿನ ಕೆಲಸ ಬರುತ್ತದೆ. ಆದರೆ ಪ್ರತಿ ಹೆಜ್ಜೆಯಲ್ಲೂ ಪ್ರತಿ ತುಂಡು ತನ್ನ ಗಡಿಯ ಕೋಶದ ಆಳ ಮತ್ತು ಹರಿವನ್ನು ಪಕ್ಕದವರಿಗೆ ತಿಳಿಸಿ, ಅವರದನ್ನು ಕೇಳಿ ಪಡೆಯಬೇಕು. ಲ್ಯಾಬಿನ ಸಾಮಾನ್ಯ ಈಥರ್ನೆಟ್‌ನಲ್ಲಿ ಎಷ್ಟೇ ಸಣ್ಣ ಸಂದೇಶಕ್ಕೂ ಹತ್ತಾರು ಮೈಕ್ರೊಸೆಕೆಂಡ್ ಹಿಡಿಯುತ್ತದೆ. ದುಡಿಮೆಯಷ್ಟೇ ಹೊತ್ತು ಮಾತಿಗೂ ಹೋಯಿತು. ನಾಲ್ಕು ಯಂತ್ರ ಕಟ್ಟಿಕೊಂಡು ಎರಡು ಪಟ್ಟು ವೇಗ ಸಿಕ್ಕರೆ ನಿಮ್ಮ ಪುಣ್ಯ. ಹತ್ತು ಯಂತ್ರಕ್ಕೆ ಹಂಚಿದರೂ ವೇಗ ಹತ್ತು ಪಟ್ಟಿನ ಹತ್ತಿರಕ್ಕೂ ಬರುವುದಿಲ್ಲ.

ಹಾಗಾದರೆ ಗೈಡ್ ಹೇಳಿದ್ದು ತಪ್ಪೇ? ಅಲ್ಲ. ಸಮಾಂತರ ಗಣನೆಗೆ ನಿಮ್ಮ ಪ್ರಾಜೆಕ್ಟಿನಲ್ಲಿ ಜಾಗವಿದೆ, ಆದರೆ ಬೇರೆ ಕಡೆ. ಅದಕ್ಕೆ ಇನ್ನೆರಡು ಪುಸ್ತಕ ತೆರೆಯಬೇಕು.

‘ಎಲಿಮೆಂಟ್ಸ್ ಆಫ್ ಪ್ಯಾರಲಲ್ ಕಂಪ್ಯೂಟಿಂಗ್’ ಬಂದದ್ದು 1990ರಲ್ಲಿ. ಆ ಕಾಲದ ಬಿಸಿ ತಿಳಿದಿರಲಿ. ಬೆಂಗಳೂರಿನ ವಿಮಾನ ಸಂಶೋಧನಾ ಸಂಸ್ಥೆ ಎನ್‌ಎಎಲ್ 1986ರಲ್ಲಿ ಫ್ಲೊಸಾಲ್ವರ್ ಎಂಬ ಸಮಾಂತರ ಕಂಪ್ಯೂಟರ್ ಕಟ್ಟಿತ್ತು. ಹೆಸರೇ ಹೇಳುವಂತೆ ಅದು ಹರಿವಿನ ಸಮೀಕರಣ ಬಿಡಿಸಲೆಂದೇ ಹುಟ್ಟಿದ ಯಂತ್ರ, ನಿಮ್ಮ ಪ್ರಾಜೆಕ್ಟಿನ ದೊಡ್ಡಪ್ಪ ಎನ್ನಿ. 1988ರಲ್ಲಿ ಪುಣೆಯಲ್ಲಿ ಕೇಂದ್ರ ಸರ್ಕಾರದ ಕಂಪ್ಯೂಟರ್ ಸಂಶೋಧನಾ ಸಂಸ್ಥೆ ಸಿ-ಡ್ಯಾಕ್ ಆರಂಭವಾಯಿತು, 1991ರಲ್ಲಿ ಅದರ ಸೂಪರ್ ಕಂಪ್ಯೂಟರ್ ಪರಮ್ 8000 ಹೊರಬಂತು. ಈ ಪುಸ್ತಕವನ್ನು ಹಿನ್ನೆಲೆಗಾಗಿ ತಿರುವಿ ಹಾಕಿ, ಸಾಕು. ಅದರ ಯಂತ್ರಗಳ ವಿವರ ನಿಜಕ್ಕೂ ಹಳತಾಗಿದೆ, ಗೆಳತಿಯರ ಮಾತು ಇದೊಂದಕ್ಕೆ ಸಲ್ಲುತ್ತದೆ.

ನಿಧಾನವಾಗಿ ಕೂತು ಓದಬೇಕಾದದ್ದು ‘ಪ್ಯಾರಲಲ್ ಕಂಪ್ಯೂಟರ್ಸ್’, ಅದೂ ಎರಡನೇ ಅಧ್ಯಾಯ. ಇದನ್ನು ಅವರು ಸಿ. ಶಿವರಾಮ ಮೂರ್ತಿ ಅವರ ಜೊತೆ ಬರೆದದ್ದು. ಮೊದಲ ಆವೃತ್ತಿ 2000ದ್ದು, ಎರಡನೆಯದು 2016ರದ್ದು. ಗ್ರಂಥಾಲಯದ ಪ್ರತಿ ಯಾವುದೆಂದು ಮೊದಲ ಪುಟದಲ್ಲಿ ನೋಡಿ. ಎರಡನೇ ಆವೃತ್ತಿಯಲ್ಲಿ ಮಲ್ಟಿಕೋರ್, ಜಿಪಿಯು, ಕ್ಲೌಡ್ ಎಲ್ಲವೂ ಸೇರಿವೆ. ಎರಡನೇ ಅಧ್ಯಾಯಕ್ಕಾದರೆ ಯಾವ ಆವೃತ್ತಿಯೂ ನಡೆಯುತ್ತದೆ, ಏಕೆಂದರೆ ಅಲ್ಲಿರುವುದು ಕಂಪ್ಯೂಟರಲ್ಲ, ಉತ್ತರಪತ್ರಿಕೆ ತಿದ್ದುವ ಮೇಷ್ಟರುಗಳು!

ಸಾವಿರ ಉತ್ತರಪತ್ರಿಕೆ, ಒಂದೊಂದರಲ್ಲಿ ನಾಲ್ಕು ಪ್ರಶ್ನೆ, ಒಂದು ಪ್ರಶ್ನೆ ತಿದ್ದಲು ಐದು ನಿಮಿಷ. ಒಬ್ಬರೇ ತಿದ್ದಿದರೆ 20,000 ನಿಮಿಷ. ನಾಲ್ವರನ್ನು ಸಾಲಾಗಿ ಕೂರಿಸಿ ಒಬ್ಬೊಬ್ಬರಿಗೆ ಒಂದೊಂದು ಪ್ರಶ್ನೆ ವಹಿಸಿದರೆ, ಮೊದಲ ಪತ್ರಿಕೆ ಇಪ್ಪತ್ತು ನಿಮಿಷಕ್ಕೆ ಹೊರಬಂದು, ಆಮೇಲೆ ಐದು ನಿಮಿಷಕ್ಕೊಂದರಂತೆ ಉಳಿದವು ಬರುತ್ತವೆ. ಒಟ್ಟು 5,015 ನಿಮಿಷ. ಇದು ಪೈಪ್‌ಲೈನ್. ಬದಲಿಗೆ ಒಬ್ಬೊಬ್ಬರಿಗೆ 250 ಪತ್ರಿಕೆಯ ಕಟ್ಟು ಕೊಟ್ಟು ನಾಲ್ಕೂ ಪ್ರಶ್ನೆ ಅವರೇ ತಿದ್ದಲಿ ಎಂದರೆ 5,000 ನಿಮಿಷ, ಮೇಲೆ ಕಟ್ಟು ಹಂಚುವ ಹೊತ್ತು. ಇದು ದತ್ತಾಂಶ ಹಂಚಿಕೆ. ನಿಜವಾದ ಸ್ವಾರಸ್ಯ ಶುರುವಾಗುವುದು ಇದರ ನಂತರ. ಒಬ್ಬರ ಕಟ್ಟಿನಲ್ಲಿ ಖಾಲಿ ಹಾಳೆಗಳೇ ತುಂಬಿ, ಇನ್ನೊಬ್ಬರ ಕಟ್ಟಿನಲ್ಲಿ ಪುಟಗಟ್ಟಲೆ ಬರೆದವರೇ ಇದ್ದರೆ? ಮೊದಲಿನವರು ಮಧ್ಯಾಹ್ನಕ್ಕೇ ಕೈತೊಳೆದು ಕೂರುತ್ತಾರೆ, ಇನ್ನೊಬ್ಬರಿಗಾಗಿ ಎಲ್ಲರೂ ಕಾಯಬೇಕು. ಅದಕ್ಕೆ ಮುಖ್ಯ ಪರೀಕ್ಷಕರ ಬಳಿ ಎಲ್ಲ ಪತ್ರಿಕೆ ಇಟ್ಟು, ಮುಗಿಸಿದವರು ಬಂದು ಒಂದೊಂದನ್ನೇ ಒಯ್ಯಲಿ ಎಂದು ಮಾಡಬಹುದು. ಆದರೆ ಆಗ ಪರೀಕ್ಷಕರ ಮೇಜಿನ ಮುಂದೆ ಸಾಲು ಬೆಳೆಯುತ್ತದೆ. ಒಂದರ ಬದಲು ಸಣ್ಣ ಸಣ್ಣ ಕಂತೆ ಕೊಡುವುದು ಎರಡರ ನಡುವಿನ ದಾರಿ. ಪಿಯುಸಿ ಮೌಲ್ಯಮಾಪನ ಕೇಂದ್ರದಲ್ಲಿ ಒಂದು ದಿನ ಕೂತವರಿಗೆ ಇದರಲ್ಲಿ ಹೊಸದೇನೂ ಕಾಣದು. ಆದರೆ ಕೆಲಸವನ್ನು ಕೋರ್‌ಗಳಿಗೆ ಹಂಚಲು ಬಳಸುವ ಓಪನ್‌ಎಂಪಿಯಲ್ಲಿ ಸ್ಟ್ಯಾಟಿಕ್, ಡೈನಾಮಿಕ್ ಎಂಬ ಹಂಚಿಕೆ ವಿಧಾನಗಳು, ಅವುಗಳಿಗೆ ಕೊಡುವ ಕಂತೆಯ ಗಾತ್ರ ಎಲ್ಲವೂ ಇದೇ ಲೆಕ್ಕ.

ನಿಮ್ಮ ಪ್ರಾಜೆಕ್ಟಿನಲ್ಲಿ ಈ ಅಧ್ಯಾಯ ಕೂರುವ ಜಾಗ ಯಾವುದು? ಕಾಲುವೆಯ ತಳದ ಒರಟುತನ ನಿಮಗೆ ಖಚಿತವಾಗಿ ಗೊತ್ತಿಲ್ಲ. ಹೊಸ ಲೈನಿಂಗ್ ಇರುವಲ್ಲಿ ಒಂದು, ಹೂಳು ತುಂಬಿ ಜೊಂಡು ಬೆಳೆದಲ್ಲಿ ಇನ್ನೊಂದು. ಇಂಗಿ ಹೋಗುವುದು ಎಷ್ಟು, ದಾರಿಯುದ್ದಕ್ಕೂ ಅಕ್ರಮ ಪಂಪ್‌ಸೆಟ್‌ಗಳು ಎತ್ತುವುದು ಎಷ್ಟು, ಮೇಲಿನವರು ಭತ್ತದ ನಾಟಿಗೆ ತೂಬನ್ನು ಎಷ್ಟು ದಿನ ತೆರೆದಿಡುತ್ತಾರೆ, ಇವೆಲ್ಲ ಅಂದಾಜುಗಳೇ. ಆದ್ದರಿಂದ ಒಂದು ಸಲ ಓಡಿಸಿ ‘ಮಾನ್ವಿಗೆ ನೀರು ಗುರುವಾರ ಬರುತ್ತದೆ’ ಎಂದರೆ ಯಾರೂ ನಂಬಬೇಕಿಲ್ಲ, ನಿಮ್ಮ ತಂದೆಯವರಂತೂ ನಂಬುವುದಿಲ್ಲ. ಈ ಅಂದಾಜುಗಳನ್ನು ಬದಲಿಸುತ್ತ ಹತ್ತು ಸಾವಿರ ಸಲ ಓಡಿಸಿ, ಎಷ್ಟು ಸಲ ಗುರುವಾರದೊಳಗೆ ತಲುಪಿತು ಎಂದು ಎಣಿಸಿ. ಒಂದು ಓಟಕ್ಕೆ 13 ಸೆಕೆಂಡಿನಂತೆ ಹತ್ತು ಸಾವಿರಕ್ಕೆ 1.3 ಲಕ್ಷ ಸೆಕೆಂಡ್, ಅಂದರೆ 36 ಗಂಟೆ. ಎಂಟು ಕೋರ್ ಇರುವ ಒಂದು ಯಂತ್ರಕ್ಕೆ ಹಂಚಿದರೆ ನಾಲ್ಕೂವರೆ ಗಂಟೆ. ಓಟಗಳು ಒಂದಕ್ಕೊಂದು ಮಾತಾಡಬೇಕಿಲ್ಲ, ಆದ್ದರಿಂದ ಎಂಟು ಕೋರಿಗೆ ಹತ್ತಿರ ಹತ್ತಿರ ಎಂಟು ಪಟ್ಟು ವೇಗವೇ ಸಿಗುತ್ತದೆ. ಎಲ್ಲ ಓಟಗಳೂ ಒಂದೇ ಹೊತ್ತು ಹಿಡಿಯುವುದಿಲ್ಲ ಎಂಬುದನ್ನು ಗಮನಿಸಿ. ಆಳ ಹೆಚ್ಚಿದ್ದಲ್ಲಿ ಅಲೆಯ ವೇಗ ಹೆಚ್ಚುತ್ತದೆ, ಹೆಜ್ಜೆ ಚಿಕ್ಕದಾಗುತ್ತದೆ, ಓಟ ನಿಧಾನವಾಗುತ್ತದೆ. ಸಣ್ಣ ಕಂತೆ ಕೊಡುವ ಉಪಾಯ ಇಲ್ಲಿ ಬೇಕು. ಇಷ್ಟಕ್ಕೆ ಜಿಪಿಯು ಬೇಡ, ಲ್ಯಾಬಿನ ಒಂದು ಯಂತ್ರವನ್ನು ರಾತ್ರಿ ಚಾಲೂ ಇಡಲು ಅನುಮತಿ ಪಡೆದರೆ ಸಾಕು.

ಜಿಪಿಯುಗೆ, ದೊಡ್ಡ ಕ್ಲಸ್ಟರಿಗೆ (ಜೋಡಿಸಿದ ಕಂಪ್ಯೂಟರುಗಳ ಗುಂಪಿಗೆ) ಕೆಲಸವಿರುವುದು ಎಲ್ಲಿ? 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಜಲಾಶಯದ 33 ಕ್ರೆಸ್ಟ್ ಗೇಟುಗಳಲ್ಲಿ 19ನೆಯದು ಚೈನ್ ಕಡಿದು ಕೊಚ್ಚಿಹೋದದ್ದು ನಿಮಗೆ ನೆನಪಿರುತ್ತದೆ. ಆ ದಿನಗಳಲ್ಲಿ ನದಿಪಾತ್ರದವರೆಲ್ಲ ಕೇಳುತ್ತಿದ್ದ ಪ್ರಶ್ನೆ ಕಾಲುವೆಯದಲ್ಲ: ನೀರು ದಡ ಮೀರಿದರೆ ಎಲ್ಲಿಯವರೆಗೆ ಹರಡುತ್ತದೆ? ಈ ಲೆಕ್ಕ ಗೆರೆಯ ಮೇಲಿನದಲ್ಲ, ಬಯಲಿನ ಮೇಲಿನದು. ನದಿಯುದ್ದಕ್ಕೆ 100 ಕಿಲೋಮೀಟರ್, ಅಗಲಕ್ಕೆ 5 ಕಿಲೋಮೀಟರ್, ಹತ್ತು ಮೀಟರಿನ ಚೌಕಗಳು ಎಂದರೆ 50 ಲಕ್ಷ ಕೋಶ. ಅಲೆಯ ವೇಗ ಸೆಕೆಂಡಿಗೆ ಹತ್ತು ಮೀಟರ್ ಎಂದರೆ ಹೆಜ್ಜೆ ಒಂದೇ ಸೆಕೆಂಡ್. ಎರಡು ದಿನಕ್ಕೆ 1,72,800 ಹೆಜ್ಜೆ. ಗುಣಿಸಿದರೆ 86,400 ಕೋಟಿ ಕೋಶ ಲೆಕ್ಕ, ಒಂದು ಕೋರಿನಲ್ಲಿ ಸರಿಯಾಗಿ ಒಂದು ದಿನ. ಎರಡು ದಿನದ ಮುನ್ಸೂಚನೆಗೆ ಒಂದು ದಿನ ಕಾಯುವುದಾದರೆ ಅಷ್ಟರಲ್ಲಿ ನೀರು ಹಂಪಿ, ಕಂಪ್ಲಿ ದಾಟಿರುತ್ತದೆ. ಇದನ್ನು 64 ಕೋರಿಗೆ ಹಂಚಿದರೆ ಒಂದೊಂದಕ್ಕೆ ಸುಮಾರು 78,000 ಕೋಶ, ಒಂದು ಹೆಜ್ಜೆಗೆ ಎಂಟು ಮಿಲಿಸೆಕೆಂಡಿನಷ್ಟು ದುಡಿಮೆ. ಗಡಿಯ ಸಂದೇಶಕ್ಕೆ ಹೋಗುವ ಹೊತ್ತು ಅದರ ಮುಂದೆ ಲೆಕ್ಕಕ್ಕೇ ಇಲ್ಲ. ಕೆಲಸ ಅರ್ಧ ಗಂಟೆಯೊಳಗೆ ಮುಗಿಯುತ್ತದೆ. ಸಮೀಕರಣ ಅದೇ ಕುಟುಂಬದ್ದು, ನೀರು ಅದೇ ನದಿಯದು. ಆದರೂ ಒಂದಕ್ಕೆ ಸಮಾಂತರ ಗಣನೆ ದಂಡ, ಇನ್ನೊಂದಕ್ಕೆ ಅದಿಲ್ಲದೆ ಗತಿಯಿಲ್ಲ. ಒಳಗಿನ ಕೆಲಸಕ್ಕೂ ಗಡಿಯ ಮಾತಿಗೂ ಇರುವ ಅನುಪಾತವೇ ಇದನ್ನು ತೀರ್ಮಾನಿಸುತ್ತದೆ.

ಇನ್ನೊಂದು ಮಿತಿ ಕಂಪ್ಯೂಟರ್ ವಿನ್ಯಾಸಕ ಆಮ್ಡಾಲ್ 1967ರಲ್ಲಿ ಹೇಳಿದ್ದು. ಹಂಚಲಾಗದ ಕೆಲಸ ಶೇ 5ರಷ್ಟಿದ್ದರೂ ಎಷ್ಟೇ ಕೋರ್ ಹಾಕಿದರೂ ವೇಗ 20 ಪಟ್ಟು ದಾಟುವುದಿಲ್ಲ. ವಿದ್ಯಾರ್ಥಿಗಳ ಪ್ರೋಗ್ರಾಮುಗಳಲ್ಲಿ ಈ ಶೇ 5 ಅಡಗಿ ಕೂರುವುದು ಬಹುತೇಕ ಒಂದೇ ಜಾಗದಲ್ಲಿ: ಪ್ರತಿ ಹೆಜ್ಜೆಗೂ ಫೈಲಿಗೆ ಬರೆಯುವ ಸಾಲಿನಲ್ಲಿ. ಗಂಟೆಗೊಮ್ಮೆ ಬರೆಯಿರಿ, ಸಾಕು. ಸಮಸ್ಯೆಯನ್ನು ದೊಡ್ಡದು ಮಾಡುತ್ತ ಹೋದರೆ ಈ ಮಿತಿ ಅಷ್ಟು ಕಠೋರವಲ್ಲ ಎಂದು 1988ರಲ್ಲಿ ಕಂಪ್ಯೂಟರ್ ವಿಜ್ಞಾನಿ ಗಸ್ಟಾಫ್ಸನ್ ತೋರಿಸಿದರು. ಮೇಲಿನ ಪ್ರವಾಹದ ಲೆಕ್ಕ ಅದಕ್ಕೆ ಉದಾಹರಣೆ.

ಪುಸ್ತಕಗಳಲ್ಲಿ ನಿಮಗೆ ಸಿಗದಿರುವುದನ್ನೂ ಹೇಳಬೇಕು. ಸೇಂಟ್ ವೆನಾಂಟ್ ಸಮೀಕರಣವನ್ನು ಕೋಶಗಳಿಗೆ ಇಳಿಸುವ ವಿಧಾನ ಈ ಮೂರರಲ್ಲಿ ಇಲ್ಲ. ಅದಕ್ಕೆ ನಿಮ್ಮ ಕಾಲೇಜಿನ ಸಿವಿಲ್ ವಿಭಾಗದ ಬಾಗಿಲು ತಟ್ಟಿ, ತೆರೆದ ಕಾಲುವೆಯ ಹರಿವು ಕಲಿಸುವವರು ಅಲ್ಲಿರುತ್ತಾರೆ. ಎಪಿಎಂಸಿಯ ತೂಕದ ಸೇತುವೆ ಮುಂದೆ ಹತ್ತಿ ಲಾರಿಗಳು ಸಾಲುಗಟ್ಟುವಂಥದ್ದನ್ನು, ಅಂದರೆ ಒಂದೊಂದು ಘಟನೆಯಾಗಿ ನಡೆಯುವ ಸಂಗತಿಗಳನ್ನು ಸಮಾಂತರವಾಗಿ ಸಿಮ್ಯುಲೇಟ್ ಮಾಡುವುದು ಬೇರೆಯೇ ವಿದ್ಯೆ. 1970ರ ದಶಕದ ಕೊನೆಯಲ್ಲಿ ಮಣಿ ಚಾಂಡಿ ಮತ್ತು ಜಯದೇವ ಮಿಶ್ರ ಅದಕ್ಕೆ ದಾರಿ ಹಾಕಿದರು. ನಿಮ್ಮ ಪ್ರಾಜೆಕ್ಟಿಗೆ ಅದು ಬೇಡ.

ದತ್ತಾಂಶದ ಮಾತು. ಜಲಾಶಯದ ಮಟ್ಟ, ಒಳಹರಿವು, ಹೊರಹರಿವನ್ನು ತುಂಗಭದ್ರಾ ಮಂಡಳಿ ದಿನವೂ ಪ್ರಕಟಿಸುತ್ತದೆ. ಎಡದಂಡೆ ಕಾಲುವೆಯನ್ನು ನೋಡಿಕೊಳ್ಳುವುದು ರಾಜ್ಯದ ನೀರಾವರಿ ಎಂಜಿನಿಯರುಗಳು. ಕಾಲುವೆಯ ಮೈಲ್ 69, ಮೈಲ್ 104ರಲ್ಲಿ ಗೇಜ್ (ನೀರಿನ ಮಟ್ಟದ ಅಳತೆ) ಎಷ್ಟಿತ್ತು ಎಂಬ ದಿನವಹಿ ಲೆಕ್ಕ ಅವರಲ್ಲಿರುತ್ತದೆ. ಗೈಡ್ ಅವರಿಂದ ಪತ್ರ ಒಯ್ದು ಒಂದು ಹಂಗಾಮಿನ ಗೇಜ್ ಲೆಕ್ಕ ಕೇಳಿ. ಮೈಲ್ 69ರ ಅಂಕಿಗಳಿಗೆ ಹೊಂದುವಂತೆ ಒರಟುತನ ಮತ್ತು ಸೋರಿಕೆಯನ್ನು ಸರಿಪಡಿಸಿಕೊಳ್ಳಿ. ಮೈಲ್ 104ರ ಅಂಕಿಗಳನ್ನು ಮಾತ್ರ ಮುಟ್ಟದೆ ಬದಿಗಿಟ್ಟು, ಪ್ರೋಗ್ರಾಂ ಸಿದ್ಧವಾದ ಮೇಲೆ ಅವುಗಳ ಎದುರು ಪರೀಕ್ಷಿಸಿ. ಎರಡನ್ನೂ ಹೊಂದಾಣಿಕೆಗೇ ಬಳಸಿದರೆ ನಿಮ್ಮ ಮಾದರಿ ಸರಿಯೋ ತಪ್ಪೋ ತಿಳಿಯಲು ಬೇರೆ ಅಳತೆಯೇ ಉಳಿಯುವುದಿಲ್ಲ.

ಗೈಡ್ ಜೊತೆ ಮಾತಾಡುವಾಗ ಮೇಲಿನ ಎರಡು ಲೆಕ್ಕಗಳನ್ನೂ, ಕಾಲುವೆಯದು ಮತ್ತು ಪ್ರವಾಹದ್ದು, ಒಂದೇ ಹಾಳೆಯಲ್ಲಿ ಬರೆದು ಮುಂದಿಡಿ. ಬೇಡ ಎನ್ನುವ ಬದಲು ಎಲ್ಲಿ ಬೇಕು ಎಂದು ತೋರಿಸಿದರೆ ಯಾವ ಮೇಷ್ಟರೂ ಸಿಟ್ಟಾಗುವುದಿಲ್ಲ. ವರದಿಯಲ್ಲಿ ವೇಗದ ಕೋಷ್ಟಕ ಹಾಕುವಾಗ ಮೊದಲ ಸಾಲಿನಲ್ಲಿ ಒಂದೇ ಕೋರಿನಲ್ಲಿ ಹಿಡಿದ ಸಮಯವಿರಲಿ, ಅದು ಸಿಯಲ್ಲಿ ಬರೆದದ್ದೋ ಪೈಥಾನ್‌ನಲ್ಲಿ ಬರೆದದ್ದೋ ಎಂದು ಪಕ್ಕದಲ್ಲೇ ನಮೂದಿಸಿ. ಪೈಥಾನ್ ಲೂಪಿಗೆ ಹೋಲಿಸಿ ಜಿಪಿಯು ಸಾವಿರ ಪಟ್ಟು ವೇಗ ಎಂದು ಬರೆದ ವರದಿಗಳು ನನ್ನ ಮೇಜಿಗೂ ಬರುತ್ತವೆ, ಅವುಗಳಿಗೆ ನಾನು ಕೇಳುವ ಮೊದಲ ಪ್ರಶ್ನೆಯೂ ಅದೇ.